ಅಹಲ್ಯಾ ತಿನ್ನದ ಮೇಕೆ ಚೀಸ್

ಇಂಗ್ಲೆಂಡಿನ ಎಜ್‌ಬಾಸ್ಟನ್ನಿನ ಅಂಗಡಿಯೊಂದರ ಚೀಸ್ ಕೌಂಟರಿನಲ್ಲಿ ಅಹಲ್ಯಾ ಹನ್ನೊಂದು ವರ್ಷದಿಂದ ನಿಲ್ಲುತ್ತಿದ್ದಾರೆ. ವಯಸ್ಸು ಐವತ್ತೆಂಟು, ಊರು ಮೈಸೂರು. ಗಂಡ ಅಶೋಕ ತೀರಿಕೊಂಡು ಆರು ವರ್ಷವಾಯಿತು. ಮಕ್ಕಳಿಲ್ಲ. ವಾರದಲ್ಲಿ ಅವರು ಕನ್ನಡ ಮಾತಾಡುವುದು ಶನಿವಾರ ಹತ್ತು ನಿಮಿಷ, ಡಾಕ್ಟರ್ ಬಾಬಾಜಾನ್ ಬಂದಾಗ ಮಾತ್ರ.

ವಿಜಯಪುರದ ಬಾಬಾಜಾನ್ ನಿವೃತ್ತ ವೈದ್ಯರು, ಅವರೂ ಒಂಟಿ. ನಾಲ್ಕು ವರ್ಷದಿಂದ ಅವರು ಕೊಳ್ಳುವುದು ಒಂದನ್ನೇ: ಫ್ರಾನ್ಸಿನ ಮೇಕೆ ಹಾಲಿನ ಚೀಸ್. ಗೇಣುದ್ದದ ಉರುಳೆ, ಮೈಗೆಲ್ಲ ಬೂದಿ, ಅದರ ಮೇಲೆ ಬೇಕೆಂದೇ ಬೆಳೆಸಿದ ಬೂಷ್ಟು. ಮುರಿಯದಿರಲೆಂದು ನಡುವೆ ಉದ್ದಕ್ಕೂ ಒಂದು ಹುಲ್ಲುಕಡ್ಡಿ. ಯಾವುದು ಹದಕ್ಕೆ ಬಂದಿದೆಯೆಂದು ಅಹಲ್ಯಾ ಹೆಬ್ಬೆರಳಲ್ಲಿ ಒತ್ತಿಯೇ ಹೇಳುತ್ತಾರೆ. ರುಚಿ ಹೇಗಿದೆಯೆಂದು ಡಾಕ್ಟರು ಕೇಳಿದರೆ ಅಂಗಡಿಯ ಕಾರ್ಡಿನಲ್ಲಿದ್ದದ್ದನ್ನು ಒಪ್ಪಿಸುತ್ತಿದ್ದರು: ಅಕ್ರೋಟು, ಒಣಹುಲ್ಲು, ಕೊನೆಗೆ ನಿಂಬೆಹುಳಿ. ತಾವು ಎಂದೂ ತಿಂದಿರಲಿಲ್ಲ. ಅದಕ್ಕೆ ಹಾಕುವುದು ಎಳೆಗರುವಿನ ಹೊಟ್ಟೆಯಿಂದ ತೆಗೆದ ಹೆಪ್ಪು ಎಂದು ಕೆಲಸಕ್ಕೆ ಸೇರಿದ ವಾರವೇ ತಿಳಿದಿತ್ತು.

ಮಾರ್ಚ್ ತಿಂಗಳ ಒಂದು ಶನಿವಾರ ಬಾಬಾಜಾನ್ ಹೇಳಿದರು: “ಕೋವಿಡ್ ಬಂದಾಗಿಂದ ನನಗೆ ವಾಸನೆ ಇಲ್ಲ, ರುಚಿ ಇಲ್ಲ, ಅಹಲ್ಯಮ್ಮ. ನೀವು ಹೇಳಿದ್ದನ್ನೇ ನೆನೆಸ್ಕೊಂಡು ತಿಂತೀನಿ. ನಿಮ್ಮ ನಾಲಿಗೆ ಮೇಲೆ ನನ್ನ ಊಟ ನಡೆದಿದೆ ನೋಡ್ರಿ.”

ಅಹಲ್ಯಾ ಚೀಸನ್ನು ಕಾಗದದ ಮೇಲಿಟ್ಟರು. ಸುಮ್ಮನಿದ್ದರೆ ಶನಿವಾರ ಉಳಿಯುತ್ತದೆ. ಹೇಳಿದರೆ ಈ ಮನುಷ್ಯ ಇನ್ನು ಬರಲಿಕ್ಕಿಲ್ಲ.

“ಡಾಕ್ಟ್ರೇ, ನಾನು ಇದನ್ನ ಬಾಯಿಗೇ ಇಟ್ಟಿಲ್ಲ. ಇದು ಕರುವಿನ ಹೆಪ್ಪಿಂದು. ನಾನು ಹೇಳಿದ್ದೆಲ್ಲ ಕಾರ್ಡಲ್ಲಿ ಇರೋದು.”

ಹಿಂದೆ ನಿಂತಿದ್ದ ಗಿರಾಕಿ ಕೆಮ್ಮಿದ.

“ನಾಲ್ಕು ವರ್ಷ!” ಎಂದರು ಬಾಬಾಜಾನ್. “ತಿನ್ನದೋರು ಹೇಳೋದು, ರುಚಿ ಗೊತ್ತಾಗದೋನು ತಿನ್ನೋದು. ಛಲೋ ಜೋಡಿ ನಮ್ಮದು.” ನಕ್ಕರೇನೋ ಹೌದು, ಆದರೆ ಕೈಯಲ್ಲಿದ್ದ ಬಟ್ಟೆ ಚೀಲವನ್ನು ಮಡಚಿ ಕಂಕುಳಲ್ಲಿಟ್ಟುಕೊಂಡರು.

“ವಾಸನೆ ಹೇಳ್ಲಾ?” ಅಹಲ್ಯಾ ಅವಸರದಲ್ಲಿ ಕೇಳಿದರು. “ದಿನಾ ಹೊರಳಿಸಿ ಇಡೋದು ನಾನೇ. ಅದು ಕಾರ್ಡಲ್ಲಿ ಇಲ್ಲ.”

“ಹೇಳ್ರಿ.”

“ಬಚ್ಚಲಲ್ಲಿ ಹಂಡೆ ಒಲೆ ಇರ್ತಿತ್ತಲ್ಲ? ಬೂದಿ ಮೇಲೆ ನೀರು ಚೆಲ್ಲಿದ್ರೆ ಬರುತ್ತಲ್ಲ, ಅದು. ಆಮೇಲೆ ಸ್ವಲ್ಪ ಮೇಕೆ.”

“ಎಷ್ಟು ಮೇಕೆ?”

“ನಮ್ಮನೇದಲ್ಲ. ಪಕ್ಕದ ಮನೇದು.”

ಬಾಬಾಜಾನ್ ಸ್ವಲ್ಪ ಹೊತ್ತು ಕಣ್ಣು ಮುಚ್ಚಿದರು. ಮತ್ತೆ ಚೀಲ ಬಿಡಿಸಿದರು. “ಹಾಕ್ರಿ. ಬರೋ ಶನಿವಾರ ಇರ್ತೀರಲ್ಲ?”

“ಇರ್ತೀನಿ.”

ಬರುವ ಶನಿವಾರ ಅಹಲ್ಯಾಗೆ ರಜೆ. ಮಾರ್ಚ್ ಕೊನೆಯೊಳಗೆ ಮುಗಿಸಲೇಬೇಕಾದ ವರ್ಷದ ರಜೆ. ಎಲ್ಲಿಗೂ ಹೋಗುವುದಿಲ್ಲದಿದ್ದರೂ ಸುಮ್ಮನೆ ಬರೆಸಿದ್ದರು. ಅಹಲ್ಯಾ ಹಿಂದಿನ ಕೋಣೆಗೆ ಹೋಗಿ ಗೋಡೆಯ ಮೇಲಿನ ಕೆಲಸದ ಪಾಳಿಪಟ್ಟಿಯಲ್ಲಿ ತಮ್ಮ ರಜೆಗೆ ಅಡ್ಡಗೆರೆ ಎಳೆದರು.

“ಯಾಕೆ, ರಜೆ ಬೇಡವೇ?” ಎಂದು ಮ್ಯಾನೇಜರ್ ಕೇಳಿದಳು.

“ಕೆಲಸ ಇದೆ,” ಎಂದರು ಅಹಲ್ಯಾ.