ಒಬ್ಬರಿಗೆಂದು ಕಟ್ಟಿದ ತಡಿಕೆ

ಎರಡನೆಯ ಮಹಾಯುದ್ಧ ಶುರುವಾಗುವುದಕ್ಕೆ ಮುಂಚಿನ ಬೇಸಿಗೆ. ಕಂಪ್ಲಿಯ ಹೊಳೆದಂಡೆಯಲ್ಲಿದ್ದ ಒಂದು ಪ್ರಕೃತಿ ಚಿಕಿತ್ಸೆಯ ಮನೆಯಲ್ಲಿ ನಾನು ಅಟೆಂಡರ್ ಆಗಿದ್ದೆ. ಮೂರನೇ ತರಗತಿಗೇ ಶಾಲೆ ಬಿಟ್ಟವನು. ಆದರೂ ರೋಗಿಗಳ ಮೈಗೆ ಮೆತ್ತಲು ನಾನು ಜರಡಿ ಹಿಡಿದು ನೆನೆಸಿದ ಮಣ್ಣನ್ನು ಡಾಕ್ಟರು ಒಮ್ಮೆಯೂ ಪರೀಕ್ಷಿಸಲಿಲ್ಲ, ಅಷ್ಟು ನಂಬಿಕೆ.

ಅಲ್ಲಿ ಮುಖ್ಯವಾದದ್ದು ಸನ್ ಬಾತ್, ಅಂದರೆ ಬಿಸಿಲ ಸ್ನಾನ. ಸುತ್ತ ತಡಿಕೆ ಕಟ್ಟಿದ ಅಂಗಳದಲ್ಲಿ ಗಂಡಸರು ಬೆಳಗಿನ ಬಿಸಿಲಿಗೆ ಮೈಯೊಡ್ಡಿ ಮಲಗಬೇಕು. ಹೆಂಗಸರ ಅಂಗಳ ಬೇರೆ. ತಲೆಗೆ ಒದ್ದೆ ಬಟ್ಟೆ, ಒಂದೊಂದು ಮಗ್ಗುಲಿಗೆ ಇಪ್ಪತ್ತು ನಿಮಿಷ. ಶಿವದಾರ, ಜನಿವಾರ, ಉಡಿದಾರ ಬಿಟ್ಟು ಮೈಮೇಲೆ ಒಂದೆಳೆ ನೂಲೂ ಇರಬಾರದು. ಮೊದಲ ದಿನ ಕೈಯಿಂದ ಮುಚ್ಚಿಕೊಂಡು ಓಡಾಡಿದವರು ಮೂರನೆಯ ದಿನ ಅದನ್ನು ಮರೆತು ಮಳೆ, ಬೆಳೆ, ಅಳಿಯಂದಿರ ಮಾತಿಗೆ ಬೀಳುತ್ತಿದ್ದರು. ಸಾಹುಕಾರ ಯಾರು, ಗುಮಾಸ್ತ ಯಾರು, ಗೊತ್ತಾಗುತ್ತಿರಲಿಲ್ಲ.

ಇಡೀ ಅಂಗಳದಲ್ಲಿ ಅಂಗಿ ತೊಟ್ಟವನು ನಾನೊಬ್ಬನೇ. ಹನ್ನೆರಡನೆಯ ವಯಸ್ಸಿನಲ್ಲಿ ಆಲೆಮನೆಯ ಕೆಲಸಕ್ಕಿದ್ದಾಗ ಕುದಿಯುವ ಕಬ್ಬಿನಹಾಲು ಚೆಲ್ಲಿ ನನ್ನ ಎದೆ, ಹೊಟ್ಟೆ ಸುಟ್ಟು ಸುಕ್ಕುಗಟ್ಟಿದ್ದವು. ಎಲ್ಲರ ಸ್ನಾನ ಮುಗಿದ ಮೇಲೆ ದೂರ ಹೋಗಿ ಹೊಳೆಯಲ್ಲಿ ಒಬ್ಬನೇ ಮೀಯುತ್ತಿದ್ದೆ.

ಆ ಬೇಸಿಗೆಯಲ್ಲಿ ಹೊಸಪೇಟೆಯ ಅಕ್ಕಿ ಗಿರಣಿಯ ಮಾಲೀಕರಾದ ವೀರಭದ್ರಪ್ಪನವರು ಬಂದರು. ಐವತ್ತು ದಾಟಿತ್ತು. ಮುಖ, ಮುಂಗೈ ಬಿಟ್ಟು ಮೈಯೆಲ್ಲ ತೊನ್ನಿನ ಬಿಳಿ ಮಚ್ಚೆ. ತೊನ್ನು ಅಂಟುವುದಿಲ್ಲ, ಆದರೆ ಹೋಗುವುದೂ ಇಲ್ಲ, ಬಿಳಿ ಚರ್ಮ ಬೇಗ ಸುಡುವುದರಿಂದ ಐದೇ ನಿಮಿಷದ ಬಿಸಿಲು ಸಾಕು ಎಂದರು ಡಾಕ್ಟರು.

“ಹೋಗೂದು ಬ್ಯಾಡ್ರಿ,” ಅಂದರು ವೀರಭದ್ರಪ್ಪನವರು. “ನಾಕು ಮಂದಿ ನಡುವ ಅಂಗಿ ತಗದು ಕುಂದ್ರಬೇಕು. ಅಷ್ಟಕ್ಕ ಬಂದೀನಿ.”

ನಾಲ್ಕು ಬೆಳಗು ಅವರು ಅಂಗಳದ ಬಾಗಿಲವರೆಗೆ ಬಂದು ಹಿಂತಿರುಗಿದರು. ನನ್ನ ಮನಸ್ಸು ತಡೆಯಲಿಲ್ಲ. ಐದನೆಯ ದಿನ ಬೇಗ ಎದ್ದು ಅಂಗಳದ ಮೂಲೆಯಲ್ಲಿ ಒಬ್ಬರು ಮಲಗುವಷ್ಟು ಜಾಗಕ್ಕೆ ಬೇರೆ ತಡಿಕೆ ಕಟ್ಟಿದೆ.

“ಇದು ಯಾರಿಗೆ?” ಎಂದು ಕೇಳಿದರು.

“ನಿಮಗ್ರಿ ಸಾವ್ಕಾರ್ರ. ಯಾರೂ ನೋಡಂಗಿಲ್ಲ.”

“ಯಾರೂ ನೋಡದಂಗ ಇರಾಕ ನನಗ ಮನ್ಯಾಗ ಜಾಗ ಐತಿ, ಹನುಮಂತ. ಮೂವತ್ತು ವರ್ಷ ಸಂಸಾರ ಮಾಡಿದೆ. ನನ್ನ ಬೆನ್ನು ನೋಡದನ ನನ್ನಾಕಿ ತೀರಿಹೋದಳು.”

ಒಳಗಿನಿಂದ ದಪ್ಪನೆಯ ಗುಮಾಸ್ತರೊಬ್ಬರು ಕೂಗಿದರು: “ಬರ್ರಿ ಸಾವ್ಕಾರ್ರ. ಇಷ್ಟ ದೊಡ್ಡ ಹೊಟ್ಟಿ ಇಲ್ಲಿ ಬಿದ್ದಿರೋವಾಗ ನಿಮ್ಮ ಮಚ್ಚಿ ಯಾರು ನೋಡ್ತಾರ?”

ಎಲ್ಲರೂ ನಕ್ಕರು. ವೀರಭದ್ರಪ್ಪನವರ ಕೈ ಅಂಗಿಯ ಗುಂಡಿಗೆ ಹೋಯಿತು. ಎರಡು ಗುಂಡಿ ಬಿಚ್ಚಿ ನನ್ನ ಕಡೆ ನೋಡಿದರು.

“ಬೆವತು ತೊಯ್ದರೂ ನೀ ಯಾಕ ಅಂಗಿ ತಗಿಯಂಗಿಲ್ಲ ಅಂತ ನನಗ ತಿಳೀತೈತಿ. ನೀನೂ ತಗಿ. ಇಬ್ಬರೂ ಕೂಡೇ ಹೋಗೂಣು.”

“ನಾ ಇಲ್ಲಿ ಕೆಲಸಗಾರ್ರಿ,” ಅಂದೆ. “ಪೇಶಂಟ್ ಅಲ್ಲ.”

ಅವರು ಬಿಚ್ಚಿದ ಗುಂಡಿಗಳನ್ನು ಹಾಕಿಕೊಂಡರು. ಮಧ್ಯಾಹ್ನ ಗಾಡಿ ಕಟ್ಟಿಸಿದರು. ಟ್ರಂಕು ಹೊತ್ತು ಗಾಡಿಗಿಟ್ಟವನು ನಾನೇ. ಹೊರಡುವಾಗ ಒಂದೇ ಮಾತು ಹೇಳಿದರು: “ತಡಿಕಿ ಭಾಳ ಚಲೋ ಕಟ್ಟೀಯಪ್ಪ.”

ಆ ಸಂಜೆ ಗಂಟುಗಳನ್ನೆಲ್ಲ ಕೊಯ್ದು ತಡಿಕೆ ಕೆಡವಿದೆ. ಮರುದಿನ ಬೆಳಗ್ಗೆ ಅಂಗಿಯನ್ನು ಬಾಗಿಲ ಗೂಟಕ್ಕೆ ಹಾಕಿ ಒಳಗೆ ಹೋದೆ. ಗುಮಾಸ್ತರು ತಲೆಯೆತ್ತಿ ನೋಡಿದರು.

“ಆಲಿಮನಿ ಏನು?”

“ಹೂಂರಿ.”

“ನಮ್ಮಣ್ಣಗೂ ಹಿಂಗ ಆಗಿತ್ತು. ಇರಲಿ, ತಲಿಗೆ ಒದ್ದಿ ಬಟ್ಟಿ ಕೊಡು.”

ಇಷ್ಟು ವರ್ಷ ನಾನು ಹೆದರಿ ಮುಚ್ಚಿಟ್ಟದ್ದು ಅಷ್ಟರಲ್ಲೇ ಮುಗಿದುಹೋಯಿತು. ಗಿರಣಿಗೆ ಎರಡು ಸಲ ಹೇಳಿ ಕಳಿಸಿದೆ. ವೀರಭದ್ರಪ್ಪನವರು ಮತ್ತೆ ಬರಲಿಲ್ಲ.

ಮುಂದೆ ಎಷ್ಟೋ ವರ್ಷ ಅದೇ ಕೆಲಸ ಮಾಡಿದೆ. ನಾಚಿ ಬಾಗಿಲಲ್ಲಿ ನಿಂತವರಿಗೆ ಮರೆ ಕಟ್ಟಿಕೊಡಲಿಲ್ಲ. ಅವರೆದುರು ಮೊದಲು ನನ್ನ ಅಂಗಿ ತೆಗೆದು ಗೂಟಕ್ಕೆ ಹಾಕುತ್ತಿದ್ದೆ. ಈ ಕೆಲಸದಲ್ಲಿ ಕಲಿಯಬೇಕಾದ್ದು ಅದೊಂದೇ ಇತ್ತು. ನಾನು ಕಲಿತದ್ದು ಒಂದು ದಿನ ತಡವಾಗಿ.