ಪ್ರಷ್ಯಾದ ಅಳಿಯ, ಬವೇರಿಯಾದ ಅತ್ತೆ

ಕ್ಯುಪರ್ಟಿನೋದಲ್ಲಿ ಹೈಸ್ಕೂಲು ಓದುವವರು ಮಕ್ಕಳಲ್ಲ, ಅಪ್ಪ ಅಮ್ಮಂದಿರು. ಈ ಸ್ಕೂಲಿನ ಸಲುವಾಗಿಯೇ ಸ್ಯಾನ್ ಹೊಸೆಯ ದೊಡ್ಡ ಮನೆ ಬಿಟ್ಟು ಇಲ್ಲಿನ ಇಕ್ಕಟ್ಟಾದ ಅಪಾರ್ಟ್‌ಮೆಂಟಿಗೆ ಬಂದವರು ನಾವು. ಪಾಠವನ್ನು ಮಗಳೊಬ್ಬಳಿಗೇ ಬಿಟ್ಟುಕೊಡುವಷ್ಟು ಉದಾರಿಗಳಾಗಿರಲಿಲ್ಲ. ಗಣಿತ ನನ್ನ ಪಾಲಿಗೆ ಬಂತು, ಇತಿಹಾಸ ನನ್ನ ಗಂಡನ ಪಾಲಿಗೆ. ಅವಳು ಹತ್ತನೆಯ ತರಗತಿಯಲ್ಲಿ ಯುರೋಪಿನ ಇತಿಹಾಸ ತೆಗೆದುಕೊಂಡ ವರ್ಷ ಅವನು ಜರ್ಮನಿಯ ಏಕೀಕರಣದ ಅಧ್ಯಾಯದೊಳಗೆ ಹೋದವನು ಹೊರಗೆ ಬರಲೇ ಇಲ್ಲ.

ಊಟದ ಟೇಬಲ್ಲೇ ತರಗತಿ. ಸಾರು ಬಡಿಸುತ್ತಾ ನಾನೂ ಅರ್ಧ ಪಾಠ ಕಲಿತೆ. ಜರ್ಮನಿ ಎನ್ನುವ ದೇಶವೇ ಆಗ ಇರಲಿಲ್ಲವಂತೆ. ಒಂದೇ ಭಾಷೆಯ ಹತ್ತಾರು ರಾಜ್ಯಗಳು, ಸಂಸ್ಥಾನಗಳು, ಅಂಗೈಯಗಲದ ಊರಿಗೂ ಒಬ್ಬೊಬ್ಬ ದೊರೆ, ಒಬ್ಬರ ಮುಖ ಕಂಡರೆ ಒಬ್ಬರಿಗಾಗದು. ಉತ್ತರದ ಪ್ರಷ್ಯಾ, ದಕ್ಷಿಣದ ಬವೇರಿಯಾ ಅವುಗಳಲ್ಲಿ ದೊಡ್ಡವು. ಆ ಪ್ರಷ್ಯಾಕ್ಕೆ ದಪ್ಪ ಮೀಸೆಯ ಮಂತ್ರಿಯೊಬ್ಬ ಬಂದ. ಮಾತಿನಿಂದ ಆಗುವುದನ್ನು ಮಾತಿನಿಂದ, ಆಗದ್ದನ್ನು ಫಿರಂಗಿಯಿಂದ ಸಾಧಿಸಿ ಎಲ್ಲರನ್ನೂ ಒಂದು ಸಾಮ್ರಾಜ್ಯ ಮಾಡಿದ, ತಾನು ಅದರ ಚಾನ್ಸೆಲರ್, ಅಂದರೆ ಪ್ರಧಾನಿ, ಆದ.

"ನೋಡು, ಎಂಥಾ ಮುತ್ಸದ್ದಿ! ಇವತ್ತಿನ ಯಾವ ಪ್ರೋಗ್ರಾಂ ಮ್ಯಾನೇಜರ್ರೂ ಇವನ ಮುಂದೆ ನಿಲ್ಲಲ್ಲ" ಎಂದ ಗಂಡ. ಅವನು ಮೌಂಟನ್ ವ್ಯೂನ ಒಂದು ಕಂಪನಿಯಲ್ಲಿ ಹತ್ತು ತಂಡಗಳನ್ನು ಕೂಡಿಸಿ ಕೆಲಸ ತೆಗೆಯುವ ಪ್ರೋಗ್ರಾಂ ಮ್ಯಾನೇಜರು. ಹೊಗಳಿಕೆ ಯಾರ ಕಡೆಗೆ ತಿರುಗಲಿದೆ ಎಂದು ನನಗೆ ಆಗಲೇ ಅನುಮಾನ ಬಂತು.

"ಬಟ್ ಅಪ್ಪ, ಬವೇರಿಯಾದವರನ್ನ ಯಾರಾದ್ರೂ ಆಸ್ಕ್ ಮಾಡಿದ್ರಾ?" ಎಂದಳು ಮಗಳು.

"ಪರೀಕ್ಷೆಗೆ ಅದು ಬರಲ್ಲ" ಎಂದ.

ಅವನ ತಲೆಯಲ್ಲಿ ಓಡುತ್ತಿದ್ದದ್ದು ಬೇರೆ. ಸ್ಯಾನ್ ಹೊಸೆ, ಕ್ಯುಪರ್ಟಿನೋ ಎಲ್ಲ ಸೇರಿದ ನಮ್ಮ ಬೇ ಏರಿಯಾದಲ್ಲೂ ಕನ್ನಡಿಗರು ಒಂದಾಗಿರಲಿಲ್ಲ. ಬೆಂಗಳೂರು, ಮೈಸೂರಿನವರ ದೊಡ್ಡ ಸಂಘವೊಂದು. ನನ್ನ ಗಂಡ ಅದರವನು. ಉಡುಪಿ, ಮಂಗಳೂರಿನವರದು ಇನ್ನೊಂದು. ಮೈಸೂರು, ಬಳ್ಳಾರಿ ಕಡೆಯ ಮುಸ್ಲಿಂ ಕುಟುಂಬಗಳದು ಮತ್ತೊಂದು. ನಾನು ಹುಬ್ಬಳ್ಳಿಯವಳು, ನಮ್ಮ ಉತ್ತರ ಕರ್ನಾಟಕದವರದು ಬೇರೆಯದೇ ಕೂಟ. ನವೆಂಬರು ಬಂತೆಂದರೆ ನಾಲ್ಕಕ್ಕೂ ರಾಜ್ಯೋತ್ಸವ, ನಾಲ್ಕಕ್ಕೂ ಅದೇ ಸ್ಕೂಲಿನ ಸಭಾಂಗಣ, ಅದೇ ಶನಿವಾರವೇ ಆಗಬೇಕು. ನಾಡು ಒಂದಾದ ದಿನವನ್ನು ನಾವು ಇಷ್ಟು ಶ್ರದ್ಧೆಯಿಂದ ಬೇರೆ ಬೇರೆಯಾಗಿ ಆಚರಿಸುತ್ತಿದ್ದೆವು.

ಇದನ್ನೆಲ್ಲ ಒಂದು ಮಾಡುವ ಯೋಗ ತನ್ನ ಜಾತಕದಲ್ಲಿದೆ ಎಂದು ನನ್ನ ಗಂಡನಿಗೆ ಮನವರಿಕೆಯಾಯಿತು. ಮಗಳ ಪುಸ್ತಕ ಅವನ ಕೈಪಿಡಿಯಾಯಿತು. ಹೋಮ್‌ವರ್ಕಿಗೆ ಬೇಕಾದಾಗ ಅವಳು ಅದನ್ನು ಅಪ್ಪನ ಬಳಿ ಕೇಳಿ ತೆಗೆದುಕೊಳ್ಳಬೇಕಾಯಿತು.

ಪ್ರಷ್ಯಾ ಮೊದಲು ಸುಂಕ ಒಂದು ಮಾಡಿತ್ತಂತೆ, ಆಮೇಲೆ ರಾಜ್ಯ. ಇವನು ಮೊದಲು ಸ್ಪೀಕರು ಒಂದು ಮಾಡಿದ. ನಾಲ್ಕೂ ಸಂಘಗಳ ಹತ್ತಿರ ಒಂದೊಂದು ಸೌಂಡ್ ಸಿಸ್ಟಮ್ ಇತ್ತು, ಯಾವುದೂ ನೆಟ್ಟಗೆ ಕೆಲಸ ಮಾಡುತ್ತಿರಲಿಲ್ಲ. ಅದರ ವೈರು, ಇದರ ಮೈಕು ಸೇರಿಸಿ ಒಂದು ಮಾಡಿಕೊಟ್ಟಾಗ ಎಲ್ಲರಿಗೂ ಅವನ ಮೇಲೆ ಪ್ರೀತಿ ಹುಟ್ಟಿತು. ಇನ್ನು ಬೇಕಾಗಿದ್ದದ್ದು ಹೊರಗಿನ ವೈರಿ. ಆ ಮೀಸೆಯ ಮಂತ್ರಿ ತನ್ನ ದೊರೆಯಿಂದ ಬಂದ ತಂತಿ ಸಂದೇಶವನ್ನು ಕತ್ತರಿಸಿ, ಫ್ರಾನ್ಸಿನವರಿಗೆ ಅವಮಾನವಾಗುವಷ್ಟು ಚಿಕ್ಕದು ಮಾಡಿ ಪತ್ರಿಕೆಗೆ ಕೊಟ್ಟಿದ್ದನಂತೆ, ಯುದ್ಧವೇ ಆಯಿತು. ನಮ್ಮ ಸಭಾಂಗಣದ ಆಫೀಸಿನವರು ಬೇಗ ದಿನ ಖಚಿತಪಡಿಸಿ, ಇಲ್ಲವಾದರೆ ಬೇರೆಯವರು ಕೇಳಿದರೆ ಕೊಡಬೇಕಾಗಬಹುದು ಎಂದು ಸೌಜನ್ಯದಿಂದ ಬರೆದಿದ್ದರು. ಇವನು ಅದನ್ನು ನಾಲ್ಕೂ ಗ್ರೂಪಿಗೆ ಹಾಕಿದ್ದು ಹೀಗೆ: "ಬೇರೆಯವ್ರಿಗೆ ಕೊಡ್ತಾರಂತೆ!" ಆ ಬೇರೆಯವರು ಯಾರೆಂದು ಒಬ್ಬರೂ ಕೇಳಲಿಲ್ಲ. ಎಲ್ಲರ ರಕ್ತ ಕುದಿಯಿತು. ಕರಾವಳಿಯವರು ತಮ್ಮ ಕುಣಿತಕ್ಕೆ ಸಮಯ ಗೊತ್ತು ಮಾಡಿಕೊಂಡು ಒಪ್ಪಿದರು. ಮುಸ್ಲಿಂ ಕುಟುಂಬಗಳವರು ಮಧ್ಯಾಹ್ನದ ಪ್ರಾರ್ಥನೆಗೆ ಬಿಡುವು ಕೇಳಿ ಒಪ್ಪಿದರು. ಉಳಿದದ್ದು ನಮ್ಮ ಕೂಟ, ಅಂದರೆ ಬವೇರಿಯಾ.

ಬವೇರಿಯಾದ ದೊರೆ ಯಾರ ಕೈಗೂ ಸಿಗದೆ ಅರಮನೆಗಳನ್ನು ಕಟ್ಟಿಸಿಕೊಂಡಿರುತ್ತಿದ್ದನಂತೆ. ನಮ್ಮ ಕೂಟಕ್ಕೆ ಅಂಥ ದೊರೆ ನನ್ನ ಅವ್ವ. ಹುದ್ದೆ ಗಿದ್ದೆ ಏನೂ ಇಲ್ಲ. ಅಪ್ಪ ಹೋದಮೇಲೆ ನಮ್ಮ ಜೊತೆಗೆ ಬಂದು ನೆಲೆಸಿದವಳು. ಪ್ರತಿವರ್ಷ ನಮ್ಮ ರಾಜ್ಯೋತ್ಸವದ ಕೊನೆಗೆ ವೇದಿಕೆಯ ಮೇಲೆ ಒಂದು ಕುರ್ಚಿ ಹಾಕುತ್ತಾರೆ, ಮಕ್ಕಳೆಲ್ಲ ಅವಳ ಕಾಲ ಬುಡದಲ್ಲಿ ಕೂರುತ್ತಾರೆ, ಅವಳು ಹುಬ್ಬಳ್ಳಿಯ ಮಾತಿನಲ್ಲಿ ಒಂದು ಕಥೆ ಹೇಳುತ್ತಾಳೆ. ಒಂದೇ ಕರಾರು: ಕೇಳುವವರು ಹೂಂ ಅನ್ನುತ್ತಿರಬೇಕು. ಹೂಂ ನಿಂತರೆ ಕಥೆಯೂ ನಿಲ್ಲುತ್ತದೆ. ಕನ್ನಡದಲ್ಲಿ ಏನು ಕೇಳಿದರೂ ಇಂಗ್ಲಿಷಿನಲ್ಲಿ ಉತ್ತರ ಕೊಡುವ ಇಲ್ಲಿನ ಮಕ್ಕಳು ಇಡೀ ಸಭಾಂಗಣ ಕೇಳುವ ಹಾಗೆ ಹೂಂ ಅನ್ನುತ್ತಿದ್ದರು.

ಇದು ಅವಳಿಗೆ ಎಷ್ಟು ದೊಡ್ಡದು ಎಂದು ನನಗೆ ಗೊತ್ತು. ಈ ದೇಶದಲ್ಲಿ ಡಾಕ್ಟರು ಅವಳ ಮಂಡಿ ನೋವಿನ ಬಗ್ಗೆ ನನ್ನನ್ನು ಕೇಳುತ್ತಾರೆ. ಗ್ರೋಸರಿ ಅಂಗಡಿಯಲ್ಲಿ ಅವಳು ಗಾಡಿಯ ಪಕ್ಕ ನಿಂತಿರುತ್ತಾಳೆ, ಜನ ಗಾಡಿಯನ್ನು ನೋಡಿ ನಗುತ್ತಾರೆ. ನಾವು ಮೂವರೂ ದಿನವಿಡೀ ಮೀಟಿಂಗು, ಸ್ಕೂಲು ಎಂದು ಓಡುತ್ತೇವೆ. ವರ್ಷದಲ್ಲಿ ಆ ಒಂದು ಮಧ್ಯಾಹ್ನ ಮಾತ್ರ ಅವಳ ಮಾತಿಗೆ ಹೂಂ ಅನ್ನುವವರಿರುತ್ತಾರೆ.

ಚಾನ್ಸೆಲರು ಸಂಧಾನಕ್ಕೆ ಕೂತದ್ದು ನಮ್ಮ ಅಡುಗೆಮನೆಯಲ್ಲೇ. ಎದುರಿಗೆ ಅವ್ವ ಮಾಡಿದ ಮಂಡಕ್ಕಿಯ ಗಿರಮಿಟ್ಟು, ಮೆಣಸಿನಕಾಯಿ ಬಜ್ಜಿ. ಬವೇರಿಯಾ ಸಾಮ್ರಾಜ್ಯಕ್ಕೆ ಸೇರುವಾಗ ತನ್ನ ಅಂಚೆ, ರೈಲು, ಬಿಯರಿನ ತೆರಿಗೆ ಎಲ್ಲವನ್ನೂ ತನ್ನ ಕೈಯಲ್ಲೇ ಉಳಿಸಿಕೊಂಡಿತ್ತು ಎಂದು ಅವನು ಬಜ್ಜಿ ತಿನ್ನುತ್ತಾ ವಿವರಿಸಿದ. ನಿಮ್ಮ ಕೂಟಕ್ಕೂ ಹಾಗೇ ಏನು ಬೇಕೋ ಕೇಳಿ ಎಂದ.

"ನನಗ ಅಂಚಿನೂ ಬ್ಯಾಡ, ರೈಲೂ ಬ್ಯಾಡ್ರಿ. ಕತಿ ಹೇಳಾಕ ಬಿಡ್ರಿ, ನಡುವ ಕತ್ತರಿ ಹಾಕಬ್ಯಾಡ್ರಿ. ಇಷ್ಟ" ಎಂದಳು ಅವ್ವ.

"ನನ್ನ ಮಾತು ಅತ್ತೆ. ಅರ್ಧ ಗಂಟೆ ನಿಮ್ದು. ಯಾರೂ ಮುಟ್ಟಲ್ಲ."

ಅವ್ವ ಒಪ್ಪಿದಳು ಎಂದು ಗೊತ್ತಾದ ಮೇಲೆ ಕೂಟದವರೂ ಒಪ್ಪಿದರು. ಒಂದು ತಟ್ಟೆ ಬಜ್ಜಿಗೆ ದಕ್ಷಿಣದ ದೊಡ್ಡ ರಾಜ್ಯ ಕೈಗೆ ಬಂದಿತೆಂದು ಗಂಡ ಅಂದು ಸೀಟಿ ಹೊಡೆಯುತ್ತಾ ಪಾತ್ರೆ ತೊಳೆದ. ನಮ್ಮದು ಉತ್ತರ ಎಂದು ತಿದ್ದುವ ಗೋಜಿಗೆ ನಾನು ಹೋಗಲಿಲ್ಲ, ಪಾತ್ರೆ ತೊಳೆಯುತ್ತಿದ್ದನಲ್ಲ.

ಚಕ್ರವರ್ತಿಯದೇ ತಲೆನೋವಾಯಿತು. ಪ್ರಷ್ಯಾದ ದೊರೆಗೆ ಜರ್ಮನಿಯ ಚಕ್ರವರ್ತಿ ಎಂದು ಕರೆಸಿಕೊಳ್ಳುವ ಆಸೆಯಿತ್ತು, ಉಳಿದ ದೊರೆಗಳು ನೆಲದ ಒಡೆತನದ ವಾಸನೆಯಿಲ್ಲದ ಬರೀ ಜರ್ಮನ್ ಚಕ್ರವರ್ತಿ ಎಂಬುದಕ್ಕಷ್ಟೇ ಸೈ ಅಂದರು. ಆತ ಮುನಿಸಿಕೊಂಡು, ಪಟ್ಟವಾದ ದಿನ ಮಂತ್ರಿಯ ಕೈಕುಲುಕದೆ ಮುಂದೆ ನಡೆದನಂತೆ. ನಮಗೂ ಅಂಥವರೇ ಸಿಕ್ಕರು, ದೊಡ್ಡ ಸಂಘದ ನಿವೃತ್ತ ಹಿರಿಯರು. ಅವರಿಗೆ ಅಧ್ಯಕ್ಷರಾಗಬೇಕು; ಉಳಿದ ಮೂರು ಸಂಘಗಳು ಸಂಚಾಲಕ ಎಂಬುದಕ್ಕಿಂತ ಒಂದಿಂಚು ಮೇಲೆ ಹೋಗಲು ತಯಾರಿಲ್ಲ. ಅವರು ಫೋನು ಎತ್ತುವುದನ್ನೇ ಬಿಟ್ಟರು. ಕೊನೆಗೆ ನನ್ನ ಗಂಡ ಅವರ ಮನೆಗೆ ಹೋಗಿ, ಬೇಕಾದಷ್ಟು ಬೆಣ್ಣೆ ಹಚ್ಚಿ, ಸಮಾರೋಪ ಭಾಷಣ ನಿಮ್ಮದೇ ಎಂದು ಹೇಳಿ ಬಂದ. ಅದು ಅವ್ವನ ಕಥೆಗೆ ಸ್ವಲ್ಪ ಮುಂಚೆ ಬರುವಂತಿತ್ತು.

ಆ ಶನಿವಾರ ಬಂತು. ಜರ್ಮನಿಯ ಸಾಮ್ರಾಜ್ಯ ಘೋಷಣೆಯಾದದ್ದು ಸೋತ ಫ್ರಾನ್ಸಿನ ಅರಮನೆಯ ಕನ್ನಡಿ ಮಂಟಪದಲ್ಲಿ. ನಮ್ಮದು ಬಾಡಿಗೆಯ ಸಭಾಂಗಣದಲ್ಲಿ, ಬ್ಯಾಸ್ಕೆಟ್‌ಬಾಲ್ ತಂಡದ ಬ್ಯಾನರಿನ ಕೆಳಗೆ. ಐದು ಗಂಟೆಗೆ ಖಾಲಿ ಮಾಡಬೇಕೆಂದು ಕಟ್ಟಪ್ಪಣೆ. ಸಮಯ ನೋಡಿಕೊಳ್ಳುವ ಕೆಲಸಕ್ಕೆ ನನ್ನ ಮಗಳನ್ನು ಹಾಕಿದ್ದರು. ಇಲ್ಲಿ ಕಾಲೇಜಿಗೆ ಅರ್ಜಿ ಹಾಕುವ ಮಕ್ಕಳು ಒಂದಿಷ್ಟು ಸಮಾಜಸೇವೆ ತೋರಿಸಬೇಕು, ಹಾಗಾಗಿ ನಮ್ಮ ಸಮಾರಂಭಗಳಲ್ಲಿ ಸೇವೆ ಮಾಡುವ ಮಕ್ಕಳಿಗೆ ಬರವಿಲ್ಲ. ವೇದಿಕೆಯ ಅಂಚಿನಲ್ಲಿ ನಿಂತ ಅವಳ ಕೈಯಲ್ಲಿ ಹಳದಿ, ಕೆಂಪು ಎರಡು ರಟ್ಟುಗಳು. ಹಳದಿ ಎತ್ತಿದರೆ ಮುಗಿಸಿ ಎಂದರ್ಥ, ಕೆಂಪು ಎತ್ತಿದರೆ ಮುಗಿಯಿತು ಎಂದು. ನಮ್ಮಲ್ಲಿ ಯಾವ ಭಾಷಣಕಾರನೂ ಇವತ್ತಿನವರೆಗೆ ಕೆಂಪು ರಟ್ಟು ಕಂಡು ಕೆಳಗಿಳಿದದ್ದಿಲ್ಲ. ಅದನ್ನು ನಾವು ಪ್ರೋತ್ಸಾಹ ಎಂದು ತಿಳಿಯುತ್ತೇವೆ. ಆದರೆ ಅಂದು ಅದನ್ನು ಕೊಟ್ಟದ್ದು ಇಲ್ಲೇ ಹುಟ್ಟಿ, ಕೆಂಪು ಕಂಡರೆ ಖಾಲಿ ರಸ್ತೆಯಲ್ಲೂ ನಿಲ್ಲುವುದನ್ನು ಕಲಿತ ಹುಡುಗಿಗೆ. ತಪ್ಪಾದದ್ದು ಅಲ್ಲೇ.

ಕುಣಿತ ಚೆನ್ನಾಯಿತು, ಬಿಡುವೂ ಆಯಿತು, ಊಟ ತಡವಾಯಿತು. ಸನ್ಮಾನಗಳು ಆದವು, ಸನ್ಮಾನ ಮಾಡಿದವರಿಗೂ ಸನ್ಮಾನ ಆಯಿತು. ಅವ್ವ ಇಳಕಲ್ ಸೀರೆ ಉಟ್ಟು ಮಧ್ಯಾಹ್ನದಿಂದ ವೇದಿಕೆಯ ಪಕ್ಕದ ಪರದೆಯ ಹತ್ತಿರ ಕೂತಿದ್ದಳು. ನೀರು ಬೇಕಾ ಎಂದರೆ ಬ್ಯಾಡ ಅನ್ನುತ್ತಿದ್ದಳು. ನಡುವೆ ಬಾತ್‌ರೂಮಿಗೆ ಹೋದರೆ ತನ್ನ ಸರದಿ ಹೋದೀತೆಂಬ ಭಯ. ನಾಲ್ಕು ಗಂಟೆ ದಾಟಿದ ಮೇಲೆ ಹಿರಿಯರು ಸಮಾರೋಪಕ್ಕೆ ಎದ್ದರು. ಕದಂಬರಿಂದ ಶುರು ಮಾಡಿದರು.

ಅವರು ಹೊಯ್ಸಳರಿಗೆ ಬಂದಾಗ ಮಗಳು ಹಳದಿ ಎತ್ತಿದಳು. ವಿಜಯನಗರಕ್ಕೆ ಬಂದಾಗ ಕೆಂಪು ಎತ್ತಿದಳು. ಅವರು ಅವಳತ್ತ ನೋಡಿ ವಾತ್ಸಲ್ಯದಿಂದ ನಕ್ಕು ಮುಂದುವರಿಸಿದರು. ಅವಳು ಕೆಳಗೆ ಮೊದಲ ಸಾಲಿನ ಬಳಿ ನಿಂತಿದ್ದ ಅಪ್ಪನನ್ನು ನೋಡಿದಳು. ಅವನು ಗಡಿಯಾರ ನೋಡಿದ, ಹಿರಿಯರ ಮುಖ ನೋಡಿದ. ಅವರು ಮತ್ತೊಮ್ಮೆ ಮುನಿದರೆ ಸಾಮ್ರಾಜ್ಯ ಅಲ್ಲಿಗೇ ಮುಗಿಯುತ್ತದೆ. ಅಂಗೈ ಕೆಳಗೆ ಮಾಡಿ, ಇರಲಿ, ಮಾತಾಡಲಿ ಎಂದು ಮಗಳಿಗೆ ಸನ್ನೆ ಮಾಡಿದ. ಬಜ್ಜಿ ತಿಂದ ಕೈಯೇ ಅದು. ನನಗೆ ಮೈಯೆಲ್ಲ ಉರಿಯಿತು. ಪರದೆಯ ಮರೆಯಲ್ಲಿದ್ದ ಅವ್ವನಿಗೆ ಇದು ಕಾಣಲಿಲ್ಲವಲ್ಲ ಎಂಬುದೊಂದೇ ಸಮಾಧಾನ.

ಆ ಮೀಸೆಯ ಮಂತ್ರಿಯನ್ನು ಕೊನೆಗೆ ಮನೆಗೆ ಕಳಿಸಿದ್ದು ಫ್ರಾನ್ಸಿನವರಲ್ಲ, ಅವನು ಯಾರನ್ನು ಚಕ್ರವರ್ತಿ ಮಾಡಿದ್ದನೋ ಆ ದೊರೆಯ ಮೊಮ್ಮಗ. ಪಟ್ಟಕ್ಕೆ ಬಂದ ಆ ಎಳೆಯನಿಗೆ ಮುದಿ ಮುತ್ಸದ್ದಿಯ ಜಾಣತನ ಸಾಕಾಗಿತ್ತು. ನನ್ನ ಗಂಡ ಆ ಪುಟದವರೆಗೆ ಓದಿರಲಿಲ್ಲವೆಂದು ಕಾಣುತ್ತದೆ. ಮಗಳು ಓದಿದ್ದಳು.

ಅವಳು ಅಪ್ಪನ ಕೈ ನೋಡಿದಳು, ಅಜ್ಜಿಯನ್ನು ನೋಡಿದಳು, ಕೆಂಪು ರಟ್ಟು ಹಿಡಿದುಕೊಂಡೇ ವೇದಿಕೆಯ ನಡುವಿಗೆ ನಡೆದಳು. "ಟೈಮ್ ಈಸ್ ಅಪ್, ಅಂಕಲ್. ಥ್ಯಾಂಕ್ಯೂ" ಎಂದು ಮೈಕು ತೆಗೆದುಕೊಂಡಳು. ಆಮೇಲೆ ಅವಳು ಆಡಿದ್ದನ್ನು ಕೇಳಿ ನಾನು ಕೂತಲ್ಲೇ ಬೆಪ್ಪಾದೆ. ಹುಟ್ಟಿದಾಗಿನಿಂದ ನಮಗೆ ಇಂಗ್ಲಿಷ್ ಬೆರೆಸದೆ ಒಂದು ಉತ್ತರವನ್ನೂ ಕೊಡದವಳು, "ಈಗ ನಮ್ಮಜ್ಜಿ ಕತಿ ಹೇಳ್ತಾಳ. ಹುಡುಗೂರೆಲ್ಲಾ ಮ್ಯಾಲ ಬಂದ್ ಕುಂದರ್ರಿ. ಹೂಂ ಅನ್ನಬೇಕ್ ಮತ್ತ!" ಎಂದಳು. ಹುಬ್ಬಳ್ಳಿಯ ದುರ್ಗದಬೈಲಿನಲ್ಲಿ ಬೆಳೆದವಳ ಹಾಗೆ ಹೇಳಿಬಿಟ್ಟಳು.

ಕರಾವಳಿಯ ಮಕ್ಕಳು, ಬಳ್ಳಾರಿಯ ಮಕ್ಕಳು, ಬೆಂಗಳೂರಿನ ಮಕ್ಕಳು ಎಲ್ಲರೂ ನುಗ್ಗಿದರು. ಸೊಕ್ಕಿನ ಗೌಡನೂ ರೊಟ್ಟಿ ಕದ್ದ ಬೆಕ್ಕೂ ಇರುವ ಕಥೆ. ಅವ್ವ ಒಂದು ಮಾತೂ ಬಿಡದೆ ಹೇಳಿದಳು, ಕೀಲಿಕೈ ಹಿಡಿದು ಬಂದ ಕಾವಲುಗಾರ ಬಾಗಿಲಲ್ಲಿ ನಿಂತು ಕಾದ. ಅಂದು ಎದ್ದಂಥ ಹೂಂ ನಾನು ಇನ್ನೆಲ್ಲೂ ಕೇಳಿಲ್ಲ. ಕನ್ನಡಿಗರು ಒಂದಾದದ್ದೇನಾದರೂ ಇದ್ದರೆ ಆ ಹೊತ್ತು ಮಾತ್ರ. ಹಿರಿಯರು ಅಷ್ಟರಲ್ಲಿ ಕೋಟು ತೊಟ್ಟು, ನನ್ನ ಗಂಡ ಚಾಚಿದ ಕೈಯನ್ನು ಹಾಗೇ ಬಿಟ್ಟು ಹೊರಟಿದ್ದರು. ಇತಿಹಾಸ ಗೊತ್ತಿದ್ದೇ ಹಾಗೆ ಮಾಡಿದರೋ ಏನೋ.

ಮನೆಗೆ ಹೋಗುವಾಗ ಫ್ರೀವೇ ತುಂಬ ಟ್ರಾಫಿಕ್ಕು. ಗಂಡ ಕಾರು ಓಡಿಸುತ್ತಿದ್ದ, ನಾನು ಅವನ ಫೋನು ಹಿಡಿದಿದ್ದೆ, ಅವ್ವ ಮತ್ತು ಮಗಳು ಹಿಂದೆ. ನಾಲ್ಕೂ ಸಂಘಗಳನ್ನು ಸೇರಿಸಿ ಅವನು ಮಾಡಿದ್ದ ಹೊಸ ಗ್ರೂಪನ್ನು ಹಿರಿಯರು ಬಿಟ್ಟರು. ಅವರ ಹಿಂದೆ ಖಜಾಂಚಿ ಬಿಟ್ಟರು. ಇನ್ನೊಂದು ತಿರುವು ದಾಟುವುದರೊಳಗೆ ದೊಡ್ಡ ಸಂಘವೇ ಹೊರಗೆ ಹೋಗಿ, ಪ್ರಷ್ಯಾ ಇಲ್ಲದ ಸಾಮ್ರಾಜ್ಯ ಉಳಿಯಿತು. ನಾನು ಒಂದೊಂದನ್ನೂ ಓದಿ ಹೇಳಿದೆ, ಖುಷಿಯಿಂದಲೇ ಓದಿದೆ.

"ಹೋದ್ರ ಹೋಗವಲ್ಲರ್ಯಾಕ" ಎಂದಳು ಅವ್ವ ಹಿಂದಿನಿಂದ. "ಅಳ್ಯಾರ, ನೀವು ಕೊಟ್ಟ ಮಾತು ಉಳಿಸ್ಕೊಂಡ್ರಿ. ನನಗ ಅಷ್ಟ ಸಾಕ."

ನಾನು ಗಂಡನನ್ನು ನೋಡಿದೆ. ಅವನು ಗಂಟಲು ಸರಿಮಾಡಿಕೊಂಡ. ಯಾವ ಮುತ್ಸದ್ದಿ ತಾನೇ ಸಿಕ್ಕ ಹೊಗಳಿಕೆಯನ್ನು ಬಿಡುತ್ತಾನೆ?

"ಅಯ್ಯೋ ಅತ್ತೆ, ಅದರಲ್ಲೇನಿದೆ. ಮಾತು ಅಂದ್ಮೇಲೆ..." ಎಂದು ಶುರು ಮಾಡಿದ.

ಹಿಂದಿನ ಸೀಟಿನಲ್ಲಿ ಮಗಳು ಕನ್ನಡಿಯಲ್ಲಿ ಕಾಣುವ ಹಾಗೆ ಕೆಂಪು ರಟ್ಟು ಎತ್ತಿದಳು. ಅವನ ಬಾಯಿ ಅಲ್ಲೇ ಕಟ್ಟಿತು. ಆಮೇಲೆ ಮೆಲ್ಲಗೆ, "ನಾನಲ್ಲ ಅತ್ತೆ. ಅವಳು. ನಾನು ಬೇಡ ಅಂದಿದ್ದೆ" ಎಂದ.

"ಹೂಂ" ಎಂದಳು ಅವ್ವ. "ಪರದೇ ಸಂದಿಂದ ನಿಮ್ಮ ಕೈ ಕಂಡಿತ್ರಿ ನನಗ. ನೀವಾಗೇ ಹೇಳ್ತೀರೋ ಇಲ್ಲೋ ಅಂತ ನೋಡಿದ್ನಿ."