ಗೀತಾಳ ಹಿಮ್ಮಡಿ

ಲೇಸರ್ ತಾಗಿ ಕೂದಲು ಸುಡುವ ವಾಸನೆ ನಿಮಗೆ ಗೊತ್ತಿರಲಿಕ್ಕಿಲ್ಲ. ಗೊತ್ತಿಲ್ಲದಿದ್ದರೆ ನಷ್ಟವೇನೂ ಇಲ್ಲ. ಬ್ರಿಸ್ಬೇನ್ ಹತ್ತಿರದ ಇಪ್ಸ್‌ವಿಚ್‌ನ ಕ್ಲಿನಿಕ್ಕಿನಲ್ಲಿ ಜನರ ಬೇಡದ ಕೂದಲು ತೆಗೆಯುತ್ತ ದಿನವಿಡೀ ಅದನ್ನೇ ಉಸಿರಾಡುವ ನಾನು, ಸ್ಪ್ರಿಂಗ್‌ಫೀಲ್ಡ್ ಲೇಕ್ಸ್‌ನ ಮನೆಗೆ ಬಂದು ತಲೆಗೆ ಸ್ನಾನ ಮಾಡಿದ ಮೇಲೂ ಸಾರಿನ ಪಾತ್ರೆಯನ್ನು ಅನುಮಾನದಿಂದ ಮೂಸುತ್ತೇನೆ. ಮೊನ್ನೆ ಆ ವಾಸನೆಯ ನಡುವೆಯೇ ಫೋನಿಗೆ ಸಂದೇಶ ಬಂತು: ಲೇಸರ್ ಲೈಸೆನ್ಸಿನ ಅವಧಿ ಮುಗಿಯುತ್ತಿದೆ, ನವೀಕರಿಸಿಕೊಳ್ಳಿ. ಈ ಸಲ ಬಿಟ್ಟೇಬಿಡೋಣ ಅನ್ನಿಸಿತು. ಯಾಕೆಂದು ತಿಳಿಯಬೇಕಾದರೆ ನೀವು ಗೀತಾಳ ವಿಷಯ ಕೇಳಬೇಕು.

ಪರ್ತ್‌ನಲ್ಲಿದ್ದಾಗ ನಾನು ಈ ಚರ್ಮದ ಆರೈಕೆಯ ಕಸುಬಿಗೆ ಬಂದೆ. ಮುಖಕ್ಕೆ ಲೇಪ ಹಚ್ಚುವುದಕ್ಕೆ ಡಿಪ್ಲೊಮಾ ಸಾಕು. ಲೇಸರ್ ಹಿಡಿಯಬೇಕಾದರೆ ಸರ್ಕಾರದ ಲೈಸೆನ್ಸ್ ಬೇಕು. ಅದಕ್ಕೆ ಮೊದಲು, ಲೈಸೆನ್ಸ್ ಇದ್ದವರ ಕಣ್ಣೆದುರು ಕೈ ಪಳಗಿಸಿಕೊಳ್ಳಬೇಕು. ಕೈ ಪಳಗಬೇಕಾದರೆ ಯಾರದಾದರೂ ಕಾಲು ಬೇಕಲ್ಲ? ನನ್ನ ಗೆಳತಿಯರೆಲ್ಲ ಆ ತಿಂಗಳುಗಳಲ್ಲಿ ಇದ್ದಕ್ಕಿದ್ದಂತೆ ಬಿಜಿಯಾದರು. ಒಪ್ಪಿದವಳು ಗೀತಾ ಒಬ್ಬಳೇ. ಮೈಸೂರಿನವಳು, ಗಣಿ ಕಂಪನಿಯಲ್ಲಿ ಕಲ್ಲು ಪರೀಕ್ಷಿಸುವ ಜಿಯಾಲಜಿಸ್ಟ್.

“ಕೂದ್ಲು ಸುಡೋಕೂ ಲೈಸೆನ್ಸಾ? ನಮ್ಮಜ್ಜಿ ಕೋಳಿ ಪುಕ್ಕ ಸುಡ್ತಿದ್ರು, ಯಾವ ಸರ್ಕಾರನೂ ಬಂದು ಕೇಳ್ಲಿಲ್ಲ” ಎಂದು ಬೋರಲು ಮಲಗಿದಳು.

ಲೇಸರ್ ಹಿಡಿಯುವ ಮುನ್ನ ಕಪ್ಪು ಮಚ್ಚೆ ಇದೆಯೇ ಎಂದು ನೋಡಬೇಕು. ಕಂಡರೆ ಅದನ್ನು ಮುಟ್ಟಬಾರದು, ಅದು ಇಂಥದ್ದೇ ರೋಗವೆಂದು ಹೆಸರಿಸಲೂಬಾರದು. ಡಾಕ್ಟರಿಗೆ ತೋರಿಸಿ ಎನ್ನಬೇಕು, ಅಷ್ಟೆ. ನನ್ನಂಥ ಹೆದರುಪುಕ್ಕಲಿಗೆ ಹೇಳಿ ಮಾಡಿಸಿದ ನಿಯಮ. ಕಾಲಿನಿಂದ ಪಾದಕ್ಕೆ ಕಣ್ಣು ಜಾರಿತು.

“ಹಿಮ್ಮಡಿ ಹತ್ರ ಇದೇನೇ ಕಪ್ಪಗೆ?”

“ಗೋರಂಟಿ ಕಣೇ. ಹೋದ ತಿಂಗ್ಳು ಫ್ರೆಂಡ್ ಸೀಮಂತದಲ್ಲಿ ಹಚ್ಚಿಸ್ಕೊಂಡಿದ್ನಲ್ಲ, ಇನ್ನೂ ಹೋಗಿಲ್ಲ.”

“ಬೇರೆ ಕಡೆ ಎಲ್ಲಾ ಹೋಗಿದೆ, ಇಲ್ಲಿ ಮಾತ್ರ ಯಾಕಿದೆ? ಡಾಕ್ಟರಿಗೆ ತೋರಿಸು.”

“ಸಾಸಿವೆ ಡಾಕ್ಟ್ರೇ, ಸುಮ್ನೆ ನಿಮ್ಮ ಕೆಲಸ ನೋಡಿ. ನಮ್ಮ ಬಣ್ಣಕ್ಕೆ ಚರ್ಮದ ಕ್ಯಾನ್ಸರ್ ಎಲ್ಲ ಬರಲ್ಲ. ಅದು ಬಿಳಿಯರ ಕಾಯಿಲೆ.”

ಸಾಸಿವೆಯ ಕಥೆ ಇಷ್ಟೆ: ಒಂದು ಬಾರ್ಬಿಯಲ್ಲಿ, ಅಂದರೆ ಹಿತ್ತಲಿನ ಬಾರ್ಬೆಕ್ಯೂ ಊಟದಲ್ಲಿ, ಪಕ್ಕದ ಮನೆಯ ಅಂಕಲ್ ಕೆನ್ನೆಯ ಮೇಲೆ ಕಪ್ಪು ಚುಕ್ಕೆ ಕಂಡು, ನಾಳೆಯೇ ಡಾಕ್ಟರ ಹತ್ತಿರ ಹೋಗಿ ಎಂದು ಗೋಗರೆದಿದ್ದೆ. ಆಂಟಿ ಅದನ್ನು ಉಗುರಿನಿಂದ ಎತ್ತಿ ತೋರಿಸಿದರು, ಚಿತ್ರಾನ್ನದ ಒಗ್ಗರಣೆಯದು. ಇಡೀ ಪರ್ತ್ ನಕ್ಕಿತು. ಗೀತಾಳ ಜೊತೆ ನಾನೂ ನಕ್ಕೆ.

ನನಗೆ ಲೈಸೆನ್ಸ್ ಸಿಕ್ಕಿತು. ಗಂಡನ ಕೆಲಸ ಬ್ರಿಸ್ಬೇನ್‌ಗೆ ಬದಲಾಯಿತು. ಪರ್ತ್‌ನ ಲೈಸೆನ್ಸಿನಿಂದ ಬೇರೆ ರಾಜ್ಯವಾದ ಇಲ್ಲಿ ಲೇಸರ್ ಮುಟ್ಟುವಂತಿರಲಿಲ್ಲ, ಮತ್ತೆ ಅರ್ಜಿ, ಮತ್ತೆ ಕಾಯುವಿಕೆ. ಫೋನ್ ಮಾಡಿದಾಗಲೆಲ್ಲ ಗೀತಾಳನ್ನು ಕೇಳುತ್ತಿದ್ದೆ, “ತೋರಿಸಿದ್ಯಾ?” “ಅಮ್ಮಾ ತಾಯಿ, ಗಣಿ ಸೈಟಿಂದ ಬಂದ್ಮೇಲೆ ತೋರಿಸ್ತೀನಿ ಬಿಡು.” ಬೂಟಿನೊಳಗಿನ ಕಾಲನ್ನು ಯಾರು ನೋಡುತ್ತಾರೆ? ಕುಂಟತೊಡಗಿದ ಮೇಲೆ ತೋರಿಸಿದಳು. ಅಷ್ಟು ಹೊತ್ತಿಗೆ ಅದು ಹಿಮ್ಮಡಿಯಲ್ಲಿ ಮಾತ್ರ ಉಳಿದಿರಲಿಲ್ಲ.

ಆಸ್ಪತ್ರೆಯಲ್ಲಿ ಕೊನೆಯ ಸಲ ನೋಡಿದಾಗ ಅವಳೇ ಆ ಮಾತೆತ್ತಿದಳು. “ನೀನು ಹೇಳಿದ್ದೆ ಕಣೇ. ಆದ್ರೆ ನೀನು ಎಲ್ಲದಕ್ಕೂ ಹೆದರ್ತಿದ್ಯಲ್ಲ. ಅದ್ರಲ್ಲಿ ಯಾವ್ದು ನಿಜ ಅಂತ ನಂಗೆ ಹೇಗೆ ಗೊತ್ತಾಗ್ಬೇಕಿತ್ತು?”

ಹೇಳಿಯೂ ಕೇಳಿಸದ ಮಾತಿಗೆ ಲೈಸೆನ್ಸ್ ಯಾಕೆ, ಅಲ್ಲವೇ?

ಹಾಗೆಂದುಕೊಂಡೇ ಸಂದೇಶವನ್ನು ಹಾಗೇ ಬಿಟ್ಟಿದ್ದೆ. ಆ ಶನಿವಾರ ಗೀತಾಳ ಮಗಳು ಸ್ಮಿತಾ ಬಂದಳು. ಅಡಿಲೇಡ್‌ನಲ್ಲಿ ಓದುತ್ತಿದ್ದಾಳೆ, ಕನ್ನಡ ತಿಳಿಯುತ್ತದೆ, ಆಡುವುದು ಇಂಗ್ಲಿಷ್. ಊಟವಾದ ಮೇಲೆ ಸೋಫಾದಲ್ಲಿ ಕೂತು ಸಾಕ್ಸ್ ಕಳಚಿದಳು.

“ಆಂಟಿ, ಕ್ಯಾನ್ ಯು ಚೆಕ್ ಮೀ? ಪ್ರಾಪರ್ಲಿ?”

“ನಾನು ಡಾಕ್ಟರಲ್ಲ ಪುಟ್ಟಾ. ಏನಾದ್ರೂ ಕಂಡ್ರೂ ಅದೇನು ಅಂತ ಹೇಳಕ್ಕಾಗಲ್ಲ. ಬರೀ ಹೆದರ್ತೀನಿ.”

“ಐ ನೋ. ಯು ಜಸ್ಟ್ ವರಿ, ಆಂಟಿ. ಐ ವಿಲ್ ಗೋ ಟು ದ ಡಾಕ್ಟರ್.”

ಕಿಟಕಿಯ ಬೆಳಕಿಗೆ ಅವಳ ಪಾದ ಹಿಡಿದು ನೋಡಿದೆ. ಎರಡು ಬೆರಳುಗಳ ಸಂದಿಯಲ್ಲಿ ಸಣ್ಣದೊಂದು ಚುಕ್ಕೆ. ಬಹುಶಃ ಏನೂ ಅಲ್ಲ. “ಇದನ್ನ ತೋರಿಸು” ಎಂದೆ. ಅವಳು ನಗಲಿಲ್ಲ, ಅಲ್ಲೇ ಕೂತು ಫೋನಿನಲ್ಲಿ ಡಾಕ್ಟರ ಸಮಯ ಗೊತ್ತುಮಾಡಿಕೊಂಡಳು. ಅವಳ ಪಕ್ಕದಲ್ಲೇ ಕೂತು, ಕನ್ನಡಕ ಒರೆಸಿಕೊಂಡು, ನಾನೂ ಲೈಸೆನ್ಸ್ ನವೀಕರಿಸಿದೆ.